ಗೇರು ತೋಪು, ಸತ್ತ ಮಂಗ, ಕೂಲಿಯವರ ಜ್ವರ: ಮಂಗನ ಕಾಯಿಲೆಯ ಸಮಾಜಶಾಸ್ತ್ರೀಯ ಪ್ರಕರಣ ಅಧ್ಯಯನ

1982ರ ಕೊನೆಯ ಹೊತ್ತಿಗೆ ದಕ್ಷಿಣ ಕನ್ನಡ ಜಿಲ್ಲೆಯ ಬೆಳ್ತಂಗಡಿ ತಾಲ್ಲೂಕಿನ ನಿಡ್ಲೆ, ಪಟ್ರಮೆ ಸುತ್ತಿನ ಹಳ್ಳಿಗಳಲ್ಲಿ ಅಲ್ಲಿಯವರಿಗೆ ಅದುವರೆಗೆ ಪರಿಚಯವಿಲ್ಲದ ಜ್ವರವೊಂದು ಹಬ್ಬತೊಡಗಿತು. ಮುನ್ಸೂಚನೆಯಿಲ್ಲದೆ ಏರುವ ಜ್ವರ, ತಲೆ ಸಿಡಿಯುವಂಥ ನೋವು, ಸೊಂಟ ಮತ್ತು ಕಾಲಿನ ಸ್ನಾಯುಗಳ ಸೆಳೆತ, ಕೆಂಪೇರಿದ ಕಣ್ಣು, ಎದ್ದು ಕೂರಲೂ ಆಗದ ನಿತ್ರಾಣ. ಕೆಲವರಿಗೆ ಮೂಗು, ವಸಡುಗಳಿಂದ ರಕ್ತ. ಜ್ವರ ಇಳಿದು ಚೇತರಿಸಿಕೊಂಡಂತೆ ಕಂಡವರಲ್ಲಿ ಕೆಲವರಿಗೆ ಒಂದೆರಡು ವಾರಗಳ ನಂತರ ಅದು ಮರಳಿ ಬಂದು ಮಿದುಳನ್ನೇ ತಟ್ಟುತ್ತಿತ್ತು. ಕಾಡಿನಲ್ಲಿ ಮಂಗಗಳು ಸತ್ತು ಬೀಳುತ್ತಿದ್ದವು. ಆ ಹಾವಳಿ ತಣಿಯುವ ಹೊತ್ತಿಗೆ ಸಾವಿರಕ್ಕೂ ಹೆಚ್ಚು ಜನ ಕಾಯಿಲೆ ಬಿದ್ದಿದ್ದರು, ನೂರಕ್ಕೂ ಹೆಚ್ಚು ಜನ ಸತ್ತಿದ್ದರು. ಮಲೆನಾಡಿನವರು ಮಂಗನ ಕಾಯಿಲೆ ಎನ್ನುವ, ಆಸ್ಪತ್ರೆಯ ದಾಖಲೆಗಳಲ್ಲಿ ಕೆ.ಎಫ್.ಡಿ. ಎಂದು ಬರೆಯಲಾಗುವ ಕ್ಯಾಸನೂರು ಕಾಡಿನ ಕಾಯಿಲೆ ಇದು. ಅದುವರೆಗೆ ಶಿವಮೊಗ್ಗ ಮತ್ತು ಅದರ ಅಕ್ಕಪಕ್ಕದ ಜಿಲ್ಲೆಗಳ ಕಾಡುಗಳಿಗೆ ಬಹುಮಟ್ಟಿಗೆ ಸೀಮಿತವಾಗಿದ್ದ ಈ ಕಾಯಿಲೆ ಘಟ್ಟದ ಕೆಳಗಿನ ಈ ಹಳ್ಳಿಗಳಲ್ಲಿ ಹೀಗೆ ಭುಗಿಲೆದ್ದದ್ದು, ಅಲ್ಲಿ ಸುಮಾರು 400 ಹೆಕ್ಟೇರ್ ಕಾಡನ್ನು ಗೇರು ತೋಪಿಗಾಗಿ ಕಡಿದು ಬಯಲು ಮಾಡಿದ ಬೆನ್ನಿಗೆ.

ದಕ್ಷಿಣ ಕನ್ನಡದಲ್ಲಿ ದೀರ್ಘಕಾಲ ಕ್ಷೇತ್ರಕಾರ್ಯ ನಡೆಸಿದ್ದ ಅಮೆರಿಕದ ಮಾನವಶಾಸ್ತ್ರಜ್ಞ ಮಾರ್ಕ್ ನಿಕ್ಟರ್ 1987ರಲ್ಲಿ ಪ್ರಕಟಿಸಿದ ಲೇಖನವೊಂದರಲ್ಲಿ ಇದನ್ನು 'ಅಭಿವೃದ್ಧಿಯ ಕಾಯಿಲೆ' ಎಂದು ಕರೆದರು. ಆರೋಗ್ಯ, ಅನಾರೋಗ್ಯ ಮತ್ತು ವೈದ್ಯವನ್ನು ಸಮಾಜಶಾಸ್ತ್ರದ ಕಣ್ಣಿನಿಂದ ನೋಡಬಯಸುವ ಕನ್ನಡದ ಓದುಗರಿಗೆ ಇದಕ್ಕಿಂತ ಹತ್ತಿರದ, ಇದಕ್ಕಿಂತ ಪೂರ್ಣವಾದ ಪ್ರಕರಣ ಸಿಗುವುದು ಕಷ್ಟ. ಒಂದೇ ಜ್ವರಕ್ಕೆ ವೈರಾಣು ವಿಜ್ಞಾನ, ಪರಿಸರ ವಿಜ್ಞಾನ, ದೈವಾರಾಧನೆ, ಸರ್ಕಾರದ ಅಂಕಿಅಂಶ ಹಾಗೂ ರಾಜಕೀಯ ಸಂಶಯ, ಹೀಗೆ ಒಂದರ ಮೇಲೊಂದು ವಿವರಣೆಗಳು ಇಲ್ಲಿ ಹುಟ್ಟಿಕೊಂಡಿವೆ. ಅವುಗಳಲ್ಲಿ ಯಾವುದು ನಿಜ ಎಂದು ಕೇಳುವುದು ಅಗತ್ಯ. ಆದರೆ ಪ್ರತಿಯೊಂದು ವಿವರಣೆಯೂ ಯಾರಿಗೆ ಏನು ಮಾಡಲು ಹೇಳುತ್ತದೆ, ಅದರ ಖರ್ಚನ್ನು ಯಾರ ತಲೆಗೆ ಕಟ್ಟುತ್ತದೆ ಎಂದು ಕೇಳದೆ ಹೋದರೆ ಈ ಪ್ರಕರಣದ ಅರ್ಧ ಭಾಗ ಕಾಣುವುದೇ ಇಲ್ಲ ಎಂಬುದು ನನ್ನ ವಾದ.

ಸೊರಬದ ಕಾನಿನಿಂದ ಪುಣೆಯ ಪ್ರಯೋಗಾಲಯಕ್ಕೆ

ಕಾಯಿಲೆ ಮೊದಲು ಗುರುತಾದದ್ದು 1957ರಲ್ಲಿ, ಆಗಿನ ಮೈಸೂರು ರಾಜ್ಯದ ಶಿವಮೊಗ್ಗ ಜಿಲ್ಲೆಯ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ. ಮಂಗಗಳ ಸಾವಿಗೂ ಮನುಷ್ಯರ ಜ್ವರಕ್ಕೂ ಸಂಬಂಧವಿದೆಯೆಂದು ಮೊದಲು ಕಂಡುಕೊಂಡವರು ಆ ಕಾಡಂಚಿನ ಜನರೇ ಎಂಬುದನ್ನು ಇಲ್ಲಿ ಗಮನಿಸಬೇಕು. ಅವರು ಇಟ್ಟ ಹೆಸರೇ ಅದಕ್ಕೆ ಸಾಕ್ಷಿ. ಪುಣೆಯ ವೈರಸ್ ಸಂಶೋಧನಾ ಕೇಂದ್ರದ ತಂಡ ಅಲ್ಲಿಗೆ ಬಂದದ್ದು ಬೇರೆಯೇ ಆತಂಕ ಹೊತ್ತು. ರಾಕ್‌ಫೆಲ್ಲರ್ ಪ್ರತಿಷ್ಠಾನವೂ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯೂ ಕೂಡಿ 1952ರಲ್ಲಿ ಕಟ್ಟಿದ್ದ ಆ ಕೇಂದ್ರದ ವಿಜ್ಞಾನಿಗಳಿಗೆ, ಮಂಗಗಳು ಸಾಯುತ್ತಿವೆ ಎಂದ ಕೂಡಲೇ ನೆನಪಾದದ್ದು ದಕ್ಷಿಣ ಅಮೆರಿಕದ ಕಾಡುಗಳ ಹಳದಿ ಜ್ವರ. ಏಷ್ಯಾದಲ್ಲಿ ಎಂದೂ ಕಾಣಿಸಿಕೊಳ್ಳದಿದ್ದ ಆ ಜ್ವರ ಭಾರತಕ್ಕೆ ಕಾಲಿಟ್ಟಿದ್ದರೆ ಅದು ಜಾಗತಿಕ ಸುದ್ದಿ. ಟೆಲ್‌ಫರ್ಡ್ ವರ್ಕ್, ಹೆರಾಲ್ಡ್ ಟ್ರಾಪಿಡೊ ಮೊದಲಾದವರ ತಂಡ ವೈರಾಣುವನ್ನು ಬೇರ್ಪಡಿಸಿ ನೋಡಿದಾಗ ಅದು ಹಳದಿ ಜ್ವರವಾಗಿರಲಿಲ್ಲ. ರಷ್ಯಾದ ಕಾಡುಗಳಲ್ಲಿ ಉಣ್ಣಿಗಳಿಂದ ಹರಡುವ ಮಿದುಳುಜ್ವರದ ವೈರಾಣುಗಳ ಬಳಗಕ್ಕೆ ಸೇರಿದ, ಅದುವರೆಗೆ ಯಾರೂ ಕಂಡಿರದ ಹೊಸ ವೈರಾಣು ಅದಾಗಿತ್ತು.

ಸೈಬೀರಿಯಾದ ನಂಟು ಎಂದೊಡನೆ ಇನ್ನೊಂದು ಕತೆ ಆರಂಭವಾಯಿತು. ವಲಸೆ ಹಕ್ಕಿಗಳ ಮೈಮೇಲಿನ ಉಣ್ಣಿಗಳೇ ವೈರಾಣುವನ್ನು ಉತ್ತರದಿಂದ ತಂದಿರಬಹುದೇ ಎಂಬ ಊಹೆಯನ್ನು ಪರೀಕ್ಷಿಸಲು ವಿಶ್ವ ಆರೋಗ್ಯ ಸಂಸ್ಥೆಯ ನೆರವಿನಿಂದ ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿ ಸಲೀಂ ಅಲಿಯವರ ಮುಂದಾಳತ್ವದಲ್ಲಿ ಹಕ್ಕಿಗಳ ಕಾಲಿಗೆ ಉಂಗುರ ತೊಡಿಸುವ ದೊಡ್ಡ ಯೋಜನೆಯನ್ನು ಕೈಗೊಂಡಿತು. ಮುಂದೆ ಆ ಕೆಲಸಕ್ಕೆ ಅಮೆರಿಕದ ಸೇನೆಗೆ ಸೇರಿದ ಸಂಸ್ಥೆಯ ಹಣ ಬಂದದ್ದು 1970ರ ದಶಕದ ಮಧ್ಯದಲ್ಲಿ ಪತ್ರಿಕೆಗಳಲ್ಲೂ ಸಂಸತ್ತಿನ ಸಮಿತಿಯ ಮುಂದೆಯೂ ವಿವಾದವಾಗಿ, ಜೈವಿಕ ಯುದ್ಧದ ಸಿದ್ಧತೆ ನಡೆದಿದೆಯೇ ಎಂಬ ಸಂಶಯಕ್ಕೆ ಎಡೆಯಾಯಿತು. ಶೀತಲ ಸಮರದ ಕಾಲದಲ್ಲಿ ಸೊರಬದ ರೈತನ ಜ್ವರವು ಎಷ್ಟು ದೂರದ ಅಧಿಕಾರ ಕೇಂದ್ರಗಳಿಗೆ ಅರ್ಥಪೂರ್ಣ ವಸ್ತುವಾಗಿತ್ತು ಎಂಬುದಕ್ಕೆ ಇದು ಸಾಕ್ಷಿ. ರೈತನಿಗೆ ಮಾತ್ರ ಆ ಆಸಕ್ತಿಯಿಂದ ಅಷ್ಟೇ ಬೇಗ ಔಷಧಿಯೇನೂ ಸಿಗಲಿಲ್ಲ.

ಹಕ್ಕಿಗಳ ಊಹೆ ಸಾಬೀತಾಗಲಿಲ್ಲ. ಹೆಚ್ಚು ಬಾಳಿಕೆ ಬಂದದ್ದು ಕೊಲಂಬಿಯಾ ದೇಶದವರೂ ಹಳದಿ ಜ್ವರದ ತಜ್ಞರೂ ಆಗಿದ್ದ ಹೊರ್ಹೆ ಬೊಶೆಲ್ 1969ರಲ್ಲಿ ಮುಂದಿಟ್ಟ ಪರಿಸರದ ವಿವರಣೆ. ವೈರಾಣು ಆ ಕಾಡಿಗೆ ಹೊಸದಲ್ಲ. ಅದು ಸಣ್ಣ ಪ್ರಾಣಿಗಳ ಮತ್ತು ಉಣ್ಣಿಗಳ ನಡುವೆ ಸದ್ದಿಲ್ಲದೆ ಬಹುಕಾಲದಿಂದ ಇದ್ದಿರಬೇಕು. ಹೊಸದು ಕಾಡಂಚಿನ ಬದುಕು. ಜನಸಂಖ್ಯೆ ಹೆಚ್ಚಿತು, ಕಾಡು ಕಡಿದು ಗದ್ದೆ, ತೋಟಗಳಾದವು, ಕಡಿದ ಕಡೆ ಲಾಂಟಾನದ ಪೊದೆಗಳು ಹಬ್ಬಿದವು, ದನಗಳು ಕಾಡಿನೊಳಗೆ ಮೇಯತೊಡಗಿದವು. ಅಲ್ಲಿಂದ ಉಣ್ಣಿಗಳ ಸಂಖ್ಯೆ ಏರಿತು.

ಉಣುಗಿನ ಋತು, ದುಡಿಮೆಯ ಋತು

ಈ ವಿವರಣೆಯನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು, ಏಕೆಂದರೆ ಪ್ರಕರಣದ ಸಾಮಾಜಿಕ ತಿರುಳು ಇಲ್ಲಿದೆ. ರೋಗವನ್ನು ಮುಖ್ಯವಾಗಿ ಹರಡುವ ಹೀಮಾಫೈಸಾಲಿಸ್ ಸ್ಪಿನಿಜೆರಾ ಎಂಬ ಉಣ್ಣಿಗೆ ಮೂರು ಹಂತಗಳ ಬದುಕು. ಬಲಿತ ಉಣ್ಣಿ ಮಳೆಗಾಲದಲ್ಲಿ ದನದಂಥ ದೊಡ್ಡ ಪ್ರಾಣಿಗಳ ರಕ್ತ ಹೀರಿ, ಕೆಳಗೆ ಬಿದ್ದು ಮೊಟ್ಟೆಯಿಡುತ್ತದೆ. ಮಳೆ ಮುಗಿದ ಮೇಲೆ ಮರಿಗಳು ಹೊರಬಂದು ಇಲಿ, ಅಳಿಲು, ಹಕ್ಕಿ, ಮಂಗಗಳನ್ನು ಹಿಡಿಯುತ್ತವೆ. ಅವು ಪೊರೆ ಕಳಚಿ ಎರಡನೆಯ ಹಂತಕ್ಕೆ ಬರುವುದು ಚಳಿಗಾಲದಿಂದ ಬೇಸಿಗೆಯವರೆಗೆ. ಮನುಷ್ಯರನ್ನು ಹೆಚ್ಚಾಗಿ ಕಚ್ಚುವುದು ಈ ಹಂತದ, ಸಾಸಿವೆಗಿಂತ ಸಣ್ಣದಾದ, ಕಚ್ಚಿದರೂ ಎಷ್ಟೋ ಸಲ ಗೊತ್ತಾಗದ ಉಣುಗು. ಸೋಂಕಿತ ಮಂಗ ಸತ್ತಾಗ ಅದರ ಮೈಮೇಲಿನ ಉಣುಗುಗಳು ತಣ್ಣಗಾಗುವ ದೇಹವನ್ನು ಬಿಟ್ಟು ಸುತ್ತಲಿನ ನೆಲಕ್ಕೆ ಇಳಿಯುತ್ತವೆ, ಆ ಜಾಗ ಅಪಾಯದ ಕೇಂದ್ರವಾಗುತ್ತದೆ. ದನಗಳಿಗೆ ಈ ಕಾಯಿಲೆ ಬಾಧಿಸುವುದಿಲ್ಲ, ಆದರೆ ಉಣ್ಣಿಗಳ ಸಂತತಿ ಬೆಳೆಯುವುದು ಅವುಗಳ ಮೈಮೇಲೆ. ಮನುಷ್ಯರಿಂದ ಮನುಷ್ಯರಿಗೆ ಇದು ಹರಡುವುದಿಲ್ಲ.

ಈಗ ಮಲೆನಾಡಿನ ಬಡ ಮನೆಯೊಂದರ ವರ್ಷವನ್ನು ಇದರ ಪಕ್ಕದಲ್ಲಿಟ್ಟು ನೋಡೋಣ. ಎಲೆ ಉದುರುವುದು ಡಿಸೆಂಬರಿನಿಂದ ಮಾರ್ಚಿನವರೆಗೆ. ಕೊಟ್ಟಿಗೆಗೆ ಹಾಸಲು, ಗೊಬ್ಬರದ ಗುಂಡಿ ತುಂಬಲು, ಅಡಿಕೆ ಮರದ ಬುಡಕ್ಕೆ ಮುಚ್ಚಲು ಬೇಕಾದ ದರಕನ್ನು ಗುಡಿಸಿ ತರುವುದು ಆ ತಿಂಗಳುಗಳಲ್ಲೇ. ಹೆಂಗಸರು ಬೆಳಗಿನ ಜಾವವೇ ಬೆಟ್ಟಕ್ಕೆ ಹೋಗಿ, ಸೊಂಟ ಬಗ್ಗಿಸಿ, ಒಣಗಿದ ಎಲೆಯನ್ನು ಕೈಯಿಂದಲೂ ಕಡ್ಡಿಯ ಪೊರಕೆಯಿಂದಲೂ ರಾಶಿ ಮಾಡಿ, ದೊಡ್ಡ ಬಿದಿರು ಬುಟ್ಟಿಗಳಲ್ಲಿ ಕಾಲಿನಿಂದ ತುಳಿದು ತುಂಬಿ, ತಲೆಯ ಮೇಲೆ ಹೊತ್ತು ಇಳಿಯುತ್ತಾರೆ. ಉಣುಗು ಕಾದು ಕುಳಿತಿರುವುದು ಅದೇ ಎಲೆಯ ಪದರದಲ್ಲಿ. ಮುಂದಿನ ಮಳೆಗಾಲಕ್ಕೆ ಸೌದೆ ಕೂಡಿಡುವುದೂ ಆ ಋತುವಿನಲ್ಲೇ. ಕರಾವಳಿಯ ಕಡೆ ಗೇರು ಕೊಯ್ಲು ನಡೆಯುವುದು ಫೆಬ್ರುವರಿಯಿಂದ ಮೇ ತಿಂಗಳವರೆಗೆ. ಉದುರಿದ ಹಣ್ಣನ್ನು ನೆಲದ ಮೇಲಿನ ಎಲೆ ಕೆದಕಿ ಹೆಕ್ಕಬೇಕು. ಕಾಯಿಲೆಯ ಋತುವೂ ದುಡಿಮೆಯ ಋತುವೂ ಒಂದರ ಮೇಲೊಂದು ಕೂರುವುದರಿಂದ, 'ಈ ತಿಂಗಳುಗಳಲ್ಲಿ ಕಾಡಿಗೆ ಹೋಗಬೇಡಿ' ಎಂಬ ಆರೋಗ್ಯ ಇಲಾಖೆಯ ಮಾತು ವೈಜ್ಞಾನಿಕವಾಗಿ ಸರಿಯಾಗಿದ್ದರೂ ಕೇಳುವವರ ಪಾಲಿಗೆ 'ಈ ವರ್ಷ ಸಂಪಾದನೆ ಬಿಡಿ' ಎಂಬ ಮಾತಾಗುತ್ತದೆ. ಸ್ವಂತ ಸೊಪ್ಪಿನ ಬೆಟ್ಟವಿದ್ದು, ದರಕು ತರಲು ಆಳು ಕರೆಯಬಲ್ಲ ತೋಟದ ಯಜಮಾನನಿಗೆ ಆ ಸಲಹೆಯನ್ನು ಪಾಲಿಸುವುದು ಸುಲಭ. ಅವರ ಮನೆಗೂ ದರಕು ಬಂದೇ ಬರುತ್ತದೆ, ತರುವವರು ಬೇರೆಯವರು ಅಷ್ಟೆ. ಅಪಾಯವನ್ನು ಕೂಲಿಯೊಂದಿಗೆ ಇನ್ನೊಬ್ಬರಿಗೆ ವರ್ಗಾಯಿಸುವ ಈ ಏರ್ಪಾಡು ಯಾವ ರಕ್ತಪರೀಕ್ಷೆಯಲ್ಲೂ ಕಾಣುವುದಿಲ್ಲ.

ನಿಡ್ಲೆಯಲ್ಲಿ ಕೇಳಿಬಂದ ವಿವರಣೆಗಳು

ಬೆಳ್ತಂಗಡಿಯಲ್ಲಿ ಈ ಏರ್ಪಾಡು ಇನ್ನೂ ಬೇಗನೆ, ಇನ್ನೂ ದೊಡ್ಡ ಪ್ರಮಾಣದಲ್ಲಿ ನಡೆಯಿತು. ಗೇರು ವಿದೇಶಿ ವಿನಿಮಯ ತರುವ ಬೆಳೆ. ಕಾಡಿನ ಜಾಗದಲ್ಲಿ ಗೇರು ಬೆಳೆಸುವುದು ಆ ಕಾಲದ ಅಧಿಕೃತ ದೃಷ್ಟಿಯಲ್ಲಿ ಪಾಳು ನೆಲವನ್ನು ಉತ್ಪಾದಕ ಮಾಡುವ ಕೆಲಸ. ಮರ ಕಡಿಯಲು, ಬುಡ ಕೀಳಲು, ಗುಂಡಿ ತೋಡಲು ಜನ ಬೇಕು. ಆ ಕೆಲಸಕ್ಕೆ ಹೋದವರು, ತೆರವಾದ ಕಾಡಂಚಿಗೆ ದನ ಮೇಯಿಸಲು ಮತ್ತು ಸೌದೆ ತರಲು ಹೋದ ಸುತ್ತಿನ ಬಡ ಕುಟುಂಬಗಳವರು ಮೊದಲು ಬಲಿಯಾದರು. ಕಡಿಯುವ ತೀರ್ಮಾನ ಕೈಗೊಂಡವರು ಆ ನೆಲವನ್ನು ಬರಿಗಾಲಿನಲ್ಲಿ ತುಳಿಯಬೇಕಾಗಿರಲಿಲ್ಲ.

ನಿಕ್ಟರ್ ಅವರ ಕ್ಷೇತ್ರಕಾರ್ಯದಲ್ಲಿ ಕಂಡುಬಂದ ಮುಖ್ಯ ಸಂಗತಿಗಳಲ್ಲೊಂದು, ಊರಿನವರು ಈ ಜ್ವರವನ್ನು ದೈವಗಳ ಕೋಪದೊಂದಿಗೆ ಜೋಡಿಸಿದ್ದು. ತುಳುನಾಡಿನ ಬದುಕಿನ ಒಳಗಿನಿಂದ ನೋಡಿದರೆ ಇದನ್ನು ಮೂಢನಂಬಿಕೆ ಎಂದು ಬದಿಗಿಡಲಾಗದು. ಅಲ್ಲಿ ದೈವವೆಂದರೆ ಜಾಗಕ್ಕೆ ಸೇರಿದ್ದು; ಕಾಡಿಗೂ, ಗದ್ದೆಗೂ, ಗುತ್ತಿನ ಮನೆಗೂ (ಊರಿನ ಹಿರಿಯ ಒಡೆಯರ ಮನೆ), ಒಕ್ಕಲಿಗೂ ನಡುವೆ ಇರುವ ಹಕ್ಕುಬಾಧ್ಯತೆಗಳ ಸಾಕ್ಷಿ ಅದು. ನೇಮ, ತಂಬಿಲ ಎಂಬ ದೈವದ ಸೇವೆಗಳ ಖರ್ಚು ಯಾರದ್ದು, ಸೇವೆ ಯಾರದ್ದು, ಮರ್ಯಾದೆ ಯಾರಿಗೆ ಎಂಬುದೆಲ್ಲ ಭೂಮಿಯ ಒಡೆತನದೊಂದಿಗೆ ಹೆಣೆದುಕೊಂಡಿತ್ತು. 1974ರ ಭೂಸುಧಾರಣಾ ತಿದ್ದುಪಡಿಯಿಂದ ದಕ್ಷಿಣ ಕನ್ನಡದ ಗೇಣಿ ಸಂಬಂಧಗಳು ಬುಡಮಟ್ಟ ಬದಲಾದಾಗ ಗೇಣಿದಾರರು ಒಡೆಯರಾದರು. ಅದು ನ್ಯಾಯವಾದ ಬದಲಾವಣೆ. ಆದರೆ ಹಳೆಯ ಬಾಧ್ಯತೆಗಳನ್ನು ಇನ್ನು ಮುಂದೆ ಹೊರುವವರು ಯಾರೆಂಬ ಪ್ರಶ್ನೆ ಹಾಗೆಯೇ ಉಳಿಯಿತು. ಅದಾದ ಹತ್ತು ವರ್ಷಗಳೊಳಗೆ, ಯಾವ ದೈವದ ಅಪ್ಪಣೆಯನ್ನೂ ಕೇಳದೆ ಸರ್ಕಾರದ ಆದೇಶದ ಮೇಲೆ ಕಾಡು ಬಯಲಾಯಿತು, ಮತ್ತು ಜನ ಸಾಯತೊಡಗಿದರು. ಒಡೆದುಹೋದ ಬಾಧ್ಯತೆಯೇ ಜ್ವರವಾಗಿ ಬಂದಿದೆ ಎಂದು ಊರು ಅರ್ಥಮಾಡಿಕೊಂಡದ್ದರಲ್ಲಿ ಆಶ್ಚರ್ಯವಿಲ್ಲ.

ಈ ವಿವರಣೆ ವೈರಾಣುವನ್ನು ಕಾಣಲಿಲ್ಲ. ಆದರೆ ಕಾಡು ಕಡಿದದ್ದಕ್ಕೂ ಜ್ವರಕ್ಕೂ ನೇರ ಸಂಬಂಧವಿದೆಯೆಂದು ಅದು ಸ್ಪಷ್ಟವಾಗಿ ಹೇಳಿತು, ಮತ್ತು ಕಡಿದವರನ್ನು ಹೊಣೆ ಮಾಡಿತು. ಇಲಾಖೆಯ ಕರಪತ್ರದ ವಿವರಣೆಯಲ್ಲಿ ಉಣ್ಣಿಯಿದೆ, ಮಂಗವಿದೆ, ಉಣ್ಣಿ ಕಚ್ಚದಂತೆ ತಡೆಯುವ ಎಣ್ಣೆ ಹಚ್ಚಿಕೊಳ್ಳದೆ ಕಾಡಿಗೆ ಹೋಗುವ ಹಳ್ಳಿಗನಿದ್ದಾನೆ; ಕಾಡು ಕಡಿಸಿದವರು ಇಲ್ಲ. ಹೊಣೆಗಾರಿಕೆಯ ಪ್ರಶ್ನೆಯಲ್ಲಿ ದೈವದ ಮಾತು ಕರಪತ್ರಕ್ಕಿಂತ ಹೆಚ್ಚು ದೂರ ನೋಡಿತ್ತು ಎಂದೇ ನಾನು ಹೇಳುತ್ತೇನೆ. ಹಾಗೆಂದು ಅದನ್ನು ಆದರ್ಶೀಕರಿಸುವುದೂ ತಪ್ಪು. ಪ್ರಾಯಶ್ಚಿತ್ತದ ಖರ್ಚು ಬೀಳುವುದು ಜ್ವರ ಬಂದ ಮನೆಯ ಮೇಲೆಯೇ. ರಕ್ತಸ್ರಾವ ಆರಂಭವಾದವನನ್ನು ಆಸ್ಪತ್ರೆಗೆ ಸೇರಿಸುವುದು ತಡವಾದರೆ ಹೋಗುವುದು ಅವನ ಜೀವವೇ.

ಕಾಯಿಲೆ ಬೀಳಲೂ ಅನುಕೂಲ ಬೇಕು

ವೈದ್ಯಕೀಯ ಸಮಾಜಶಾಸ್ತ್ರದ ಮೊದಲ ಪಾಠವಾಗಿ ಎಲ್ಲ ಕಡೆ ಕಲಿಸುವುದು ಅಮೆರಿಕದ ಟಾಲ್ಕಟ್ ಪಾರ್ಸನ್ಸ್ 1951ರಲ್ಲಿ ವಿವರಿಸಿದ 'ರೋಗಿಯ ಪಾತ್ರ'ವನ್ನು. ಕಾಯಿಲೆ ಬಿದ್ದವನಿಗೆ ಎರಡು ಹಕ್ಕುಗಳು: ದಿನನಿತ್ಯದ ಹೊಣೆಗಳಿಂದ ವಿನಾಯಿತಿ, ಮತ್ತು ಕಾಯಿಲೆಗೆ ಅವನನ್ನೇ ದೂಷಿಸಬಾರದೆಂಬ ರಕ್ಷಣೆ. ಪ್ರತಿಯಾಗಿ ಎರಡು ಕರ್ತವ್ಯಗಳು: ಗುಣವಾಗಲು ಬಯಸಬೇಕು, ತಜ್ಞರ ನೆರವು ಪಡೆಯಬೇಕು. ಮಂಗನ ಕಾಯಿಲೆಯ ರೋಗಿಗೆ ಇದನ್ನು ಅನ್ವಯಿಸಿದರೆ ಎರಡೂ ಹಕ್ಕುಗಳು ಕುಸಿಯುತ್ತವೆ. ಜ್ವರ ಬಿಟ್ಟ ಮೇಲೂ ವಾರಗಟ್ಟಲೆ ನಿತ್ರಾಣ ಉಳಿಯುವ ಈ ಕಾಯಿಲೆಯಲ್ಲಿ ದಿನಗೂಲಿಯವರಿಗೆ ವಿನಾಯಿತಿ ಕೊಡುವವರು ಯಾರೂ ಇಲ್ಲ. ಗಂಡಸು ಮಲಗಿದರೆ ಅವನ ಕೆಲಸ ಹೆಂಡತಿಗೆ ಬರುತ್ತದೆ, ಅವಳೂ ಸೌದೆಗೆಂದು ಅದೇ ಕಾಡಿಗೆ ಹೋಗುತ್ತಾಳೆ. ದೂಷಣೆಯಿಂದ ರಕ್ಷಣೆಯೂ ಸಿಗುವುದಿಲ್ಲ: 'ಹೇಳಿದರೂ ಕಾಡಿಗೆ ಹೋದರು', 'ಎಣ್ಣೆ ಕೊಟ್ಟರೂ ಹಚ್ಚಿಕೊಳ್ಳಲಿಲ್ಲ', 'ಲಸಿಕೆಗೆ ಬರಲಿಲ್ಲ' ಎಂಬ ಮಾತುಗಳು ಪ್ರತಿ ಹಾವಳಿಯಲ್ಲೂ ಕೇಳಿಬರುತ್ತವೆ. ಪಾರ್ಸನ್ಸ್ ಕಲ್ಪಿಸಿದ ರೋಗಿ ಸಂಬಳದ ರಜೆಯಿರುವ, ಮನೆಯಲ್ಲಿ ಆರೈಕೆ ಮಾಡುವವರಿರುವ ರೋಗಿ. ಇನ್ನು ಅವರು ಹೇಳಿದ ಕರ್ತವ್ಯಗಳ ಮಾತು: ಈ ಕಾಯಿಲೆಗೆ ನಿರ್ದಿಷ್ಟ ಔಷಧಿಯಿಲ್ಲ. ನೀರಿನಂಶ ಕಾಯ್ದುಕೊಳ್ಳುವುದು, ರಕ್ತಸ್ರಾವ ನಿಭಾಯಿಸುವುದು, ಜ್ವರ ನೋವುಗಳನ್ನು ತಗ್ಗಿಸುವುದು, ಇಷ್ಟೇ ತಜ್ಞರ ಕೈಯಲ್ಲಿರುವುದು. ಅದೂ ಜೀವ ಉಳಿಸುವ ಕೆಲಸವೇ, ಆದರೆ ಸಮಯಕ್ಕೆ ವಾಹನ ಸಿಕ್ಕಿ ದೊಡ್ಡ ಆಸ್ಪತ್ರೆ ತಲುಪಿದವರಿಗೆ ಮಾತ್ರ. ಸೋಂಕು ತಗಲಿದವರಲ್ಲಿ ನೂರಕ್ಕೆ ಮೂರರಿಂದ ಐದು ಜನ ಸಾಯುತ್ತಾರೆಂಬ ಸರಾಸರಿ ಲೆಕ್ಕದ ಹಿಂದೆ ಈ ದೂರಗಳೂ ಅಡಗಿರುತ್ತವೆ.

ಆರ್ಥರ್ ಕ್ಲೈನ್‌ಮನ್ ಮೊದಲಾದ ವೈದ್ಯಕೀಯ ಮಾನವಶಾಸ್ತ್ರಜ್ಞರು 1970ರ ದಶಕದಿಂದ ಒತ್ತಿ ಹೇಳಿದ ಭೇದವೊಂದು ಇಲ್ಲಿ ಉಪಯೋಗಕ್ಕೆ ಬರುತ್ತದೆ: ವೈದ್ಯರು ಗುರುತಿಸುವ ರೋಗ ಒಂದು, ನರಳುವವರು ಬದುಕುವ ಅನಾರೋಗ್ಯ ಇನ್ನೊಂದು. ರೋಗಕ್ಕೆ ಎಂಟೋ ಹತ್ತೋ ದಿನಗಳ ಲೆಕ್ಕವಿದ್ದರೆ, ಅನಾರೋಗ್ಯಕ್ಕೆ ಆ ವರ್ಷದ ಸಾಲವೂ ಮಾರಿದ ಎಮ್ಮೆಯೂ ಸೇರುತ್ತವೆ.

ಒಂದೇ ಕಾಯಿಲೆಯ ಹಲವು ಇರವುಗಳು

ಆಧುನಿಕೋತ್ತರ ಚಿಂತನೆ ಈ ಪ್ರಕರಣಕ್ಕೆ ಏನು ಕೊಡಬಲ್ಲದು? ಫ್ರಾನ್ಸಿನ ತತ್ತ್ವಜ್ಞಾನಿ ಲ್ಯೋಟಾರ್ 1979ರಲ್ಲಿ ತಮ್ಮ ಕಾಲದ ಲಕ್ಷಣವನ್ನು ಮಹಾಕಥನಗಳ, ಅಂದರೆ ಎಲ್ಲವನ್ನೂ ವಿವರಿಸುತ್ತೇವೆನ್ನುವ ದೊಡ್ಡ ಕತೆಗಳ, ಬಗೆಗಿನ ಅಪನಂಬಿಕೆ ಎಂದು ವರ್ಣಿಸಿದರು. ನಿಡ್ಲೆಯ ಮಟ್ಟಿಗೆ ಆ ಮಹಾಕಥನ ಅಭಿವೃದ್ಧಿ: ಕಾಡು ತೋಟವಾಗುತ್ತದೆ, ತೋಟ ವಿನಿಮಯ ತರುತ್ತದೆ, ವಿಜ್ಞಾನ ರೋಗಗಳನ್ನು ಒಂದೊಂದಾಗಿ ಸೋಲಿಸುತ್ತದೆ. ಆ ಕತೆಯೊಳಗೆ ಹೊಸ ರೋಗವೊಂದು ಅಭಿವೃದ್ಧಿಯಿಂದಲೇ ಹುಟ್ಟಲು ಜಾಗವಿರಲಿಲ್ಲ. ಮಿಶೆಲ್ ಫೂಕೊ 1963ರಲ್ಲಿ ವಿವರಿಸಿದ ವೈದ್ಯಕೀಯ ನೋಟವೂ ಇಲ್ಲಿ ಕೆಲಸ ಮಾಡುತ್ತದೆ. ಆ ನೋಟಕ್ಕೆ ರೋಗಿಯ ಮಾತಿಗಿಂತ ದೇಹದೊಳಗಿನ ಗುರುತು ಮುಖ್ಯ. ಮಂಗನ ಕಾಯಿಲೆಯಲ್ಲಿ ಆ ಗುರುತು ಶಿವಮೊಗ್ಗದ ಅಥವಾ ಪುಣೆಯ ಪ್ರಯೋಗಾಲಯದಲ್ಲಿ ರಕ್ತದ ಮಾದರಿ ಪಾಸಿಟಿವ್ ಬಂದಾಗ ಮಾತ್ರ ಅಧಿಕೃತವಾಗುತ್ತದೆ. ಮಾದರಿ ತೆಗೆಯುವ ಮೊದಲೇ ಸತ್ತವರು, ಜ್ವರದ ದಿನಗಳು ಕಳೆದ ಮೇಲೆ ಆಸ್ಪತ್ರೆಗೆ ಬಂದವರು ಊರಿನ ಲೆಕ್ಕದಲ್ಲಿ ಇದ್ದು ಸರ್ಕಾರದ ಲೆಕ್ಕದಲ್ಲಿ ಇಲ್ಲದಿರಬಹುದು.

ನನಗೆ ಇನ್ನೂ ಉಪಯುಕ್ತವೆನಿಸುವುದು ನೆದರ್‌ಲ್ಯಾಂಡ್ಸಿನ ಆನ್ಮರೀ ಮೊಲ್ ಅವರ ಯೋಚನೆ. ಒಂದೇ ರೋಗವನ್ನು ಬೇರೆ ಬೇರೆ ಜನ ಬೇರೆ ಬೇರೆಯಾಗಿ ನೋಡುತ್ತಾರೆ ಎಂದಷ್ಟೇ ಹೇಳಿ ಅವರು ನಿಲ್ಲಿಸುವುದಿಲ್ಲ. ಬೇರೆ ಬೇರೆ ಕೆಲಸಗಳಲ್ಲಿ ರೋಗವೇ ಬೇರೆ ಬೇರೆಯಾಗಿ ಉಂಟಾಗುತ್ತದೆ ಎನ್ನುತ್ತಾರೆ. ಪ್ರಯೋಗಾಲಯದಲ್ಲಿ ಮಂಗನ ಕಾಯಿಲೆಯೆಂದರೆ ಅತ್ಯಂತ ಬಿಗಿಯಾದ ಸುರಕ್ಷತೆಯಲ್ಲಿ ಮಾತ್ರ ಮುಟ್ಟಬಹುದಾದ ವೈರಾಣು. ಅರಣ್ಯ ಸಿಬ್ಬಂದಿಗೆ ಅದು ಸತ್ತ ಮುಸಿಯ (ಕಪ್ಪು ಮೋರೆಯ ಮಂಗ): ಎಲ್ಲಿ ಬಿದ್ದಿದೆ, ಎಷ್ಟು ದಿನವಾಗಿದೆ, ಸುತ್ತ 50 ಮೀಟರ್ ವ್ಯಾಪ್ತಿಗೆ ಮೆಲಾಥಿಯಾನ್ ಕೀಟನಾಶಕದ ಪುಡಿ ಎರಚಿದ್ದಾಯಿತೇ. ಆಶಾ ಕಾರ್ಯಕರ್ತೆಗೆ ಅದು ಮನೆಮನೆಗೆ ಹಂಚಬೇಕಾದ ಎಣ್ಣೆಯ ಬಾಟಲಿ. ಮೊದಲು ಡಿ.ಎಂ.ಪಿ., ಈಗ ಡೇಪಾ. ಕೈಕಾಲಿಗೆ ಹಚ್ಚಿಕೊಂಡು ಹೋಗಿ, ಬಂದ ಮೇಲೆ ಬಿಸಿನೀರಿನಲ್ಲಿ ಸೋಪು ಹಾಕಿ ಮೈ ಉಜ್ಜಬೇಕು, ಉಟ್ಟ ಬಟ್ಟೆಯನ್ನು ಬಿಸಿನೀರಿಗೆ ಹಾಕಬೇಕು ಎಂದು ಅವಳು ಪ್ರತಿ ಜಗುಲಿಯಲ್ಲೂ ಹೇಳುತ್ತಾಳೆ. ಕೆಲಸದ ಬಿಸಿಲಿನಲ್ಲಿ ಬೆವರಿಗೆ ಆ ಎಣ್ಣೆ ಎಷ್ಟು ಹೊತ್ತು ನಿಂತೀತು ಎಂಬುದು ದರಕು ಗುಡಿಸುವವರಿಗೇ ಚೆನ್ನಾಗಿ ಗೊತ್ತು. ದನಗಾಹಿಗೆ ಕಾಯಿಲೆಯೆಂದರೆ ಹಸುವಿನ ಕಿವಿಯ ಹಿಂದೆ, ಬಾಲದ ಬುಡದಲ್ಲಿ ಬೆರಳಿಗೆ ಸಿಗುವ ಉಣ್ಣಿ. ಇವೆಲ್ಲ ಒಂದಕ್ಕೊಂದು ತಾನಾಗಿ ಕೂಡಿಕೊಳ್ಳುವುದಿಲ್ಲ, ಕೂಡಿಸುವವರು ಬೇಕು. ಆರೋಗ್ಯ, ಅರಣ್ಯ, ಪಶುವೈದ್ಯ ಇಲಾಖೆಗಳ ಕಡತಗಳು ಬೇರೆ ಬೇರೆ ಕಚೇರಿಗಳಲ್ಲಿ ಉಳಿದಾಗ ಸತ್ತ ಮಂಗದ ಸುದ್ದಿ ಮನುಷ್ಯರಿಗೆ ಎಚ್ಚರಿಕೆಯಾಗಿ ತಲುಪುವುದು ತಡವಾಗುತ್ತದೆ.

ಸತ್ತ ಮಂಗದ ವಿಷಯದಲ್ಲೇ ಇನ್ನೊಂದು ಘರ್ಷಣೆಯಿದೆ. ಕರ್ನಾಟಕದ ಅನೇಕ ಊರುಗಳಲ್ಲಿ ಮಂಗ ಸತ್ತರೆ ಹನುಮಂತನೆಂದು ಹೂವು ಹಾಕಿ, ಭಜನೆ ಮಾಡಿ, ಮೆರವಣಿಗೆಯಲ್ಲಿ ಒಯ್ದು ಮಣ್ಣು ಮಾಡುವ ರೂಢಿಯಿದೆ. ಕಾಯಿಲೆಯ ಸೀಮೆಯಲ್ಲಿ ಅದೇ ದೇಹ ಯಾರೂ ಹತ್ತಿರ ಹೋಗಬಾರದ, ಅಂಗಾಂಶದ ಮಾದರಿ ತೆಗೆದು ಸುಡಬೇಕಾದ ಅಪಾಯಕಾರಿ ವಸ್ತು. ಇಲ್ಲಿ ನನ್ನ ನಿಲುವು ಸ್ಪಷ್ಟ: ಆ ದೇಹವನ್ನು ಮುಟ್ಟಬಾರದು. ವಿವರಣೆಗಳು ಹಲವಿದ್ದರೂ ಉಣುಗು ಎಲ್ಲರನ್ನೂ ಕಚ್ಚುತ್ತದೆ, ಮತ್ತು ವೈರಾಣುವಿಗೆ ನಮ್ಮ ದೃಷ್ಟಿಕೋನಗಳ ಹಂಗಿಲ್ಲ. ಎಲ್ಲ ಕಥನಗಳೂ ಸಮಾನ ಎಂದು ಹೇಳಿ ಕೈತೊಳೆದುಕೊಳ್ಳುವ ಆಧುನಿಕೋತ್ತರವಾದ ಕಾಡಂಚಿನ ಮನೆಯ ಪಾಲಿಗೆ ನಿರುಪಯೋಗಿ, ಒಮ್ಮೊಮ್ಮೆ ಹಾನಿಕರ. ಅದರಿಂದ ನಾವು ಪಡೆಯಬೇಕಾದದ್ದು ಬೇರೆ: ಯಾವ ವಿವರಣೆಗೆ ಆಜ್ಞೆ ಹೊರಡಿಸುವ ಅಧಿಕಾರ ಸಿಕ್ಕಿದೆ, ಯಾವುದು ಬರಿಯ ನಂಬಿಕೆಯೆಂದು ದಾಖಲಾಗಿದೆ ಎಂದು ಹುಡುಕುವ ಅಭ್ಯಾಸ.

ಲಸಿಕೆಯ ಮೂವತ್ತು ವರ್ಷ

1990ರ ಸುಮಾರಿನಿಂದ ಫಾರ್ಮಲಿನ್‌ನಿಂದ ನಿಷ್ಕ್ರಿಯಗೊಳಿಸಿದ ಲಸಿಕೆಯನ್ನು ಕಾಯಿಲೆಯ ಸೀಮೆಯಲ್ಲಿ ಕೊಡಲಾಗುತ್ತಿತ್ತು. ತಿಂಗಳ ಅಂತರದಲ್ಲಿ ಎರಡು ಡೋಸ್, ಆರರಿಂದ ಒಂಬತ್ತು ತಿಂಗಳ ನಂತರ ಬೂಸ್ಟರ್, ಮುಂದೆ ಐದು ವರ್ಷ ಪ್ರತಿವರ್ಷ ಒಂದೊಂದು. 2005ರಿಂದ 2010ರವರೆಗಿನ ಅಂಕಿಗಳನ್ನು ವಿಶ್ಲೇಷಿಸಿ 2013ರಲ್ಲಿ ಪ್ರಕಟವಾದ ಅಧ್ಯಯನದ ಪ್ರಕಾರ ಎರಡು ಡೋಸ್‌ಗಳ ಪರಿಣಾಮ ಸುಮಾರು 62%, ಬೂಸ್ಟರ್ ಸೇರಿದರೆ ಸುಮಾರು 83%. ಚುಚ್ಚಿದ ಜಾಗ ಬಹಳ ನೋಯುತ್ತದೆಂಬ ಕಾರಣಕ್ಕೆ ಒಂದು ಡೋಸ್ ಪಡೆದವರು ಮುಂದಿನದಕ್ಕೆ ಬರುತ್ತಿರಲಿಲ್ಲ. ತೋಳು ಎತ್ತಲಾಗದಿದ್ದರೆ ಮರುದಿನದ ಕೂಲಿ ಹೋಗುತ್ತದೆ ಎಂಬುದು ಹಿಂಜರಿಕೆಯ ಸರಳ ಲೆಕ್ಕ. ಅದನ್ನು ಅಜ್ಞಾನವೆಂದು ಕರೆಯುವುದು ಅನ್ಯಾಯ. ಪರಿಣಾಮ ಸಾಲದೆಂದು 2022ರಲ್ಲಿ ಆ ಲಸಿಕೆಯನ್ನೇ ನಿಲ್ಲಿಸಲಾಯಿತು, ಹೊಸ ಲಸಿಕೆಯ ಕೆಲಸ ಆರಂಭವಾಯಿತು. ವರ್ಷಗಳ ಕಾಲ 'ಲಸಿಕೆಗೆ ಬರಲಿಲ್ಲ' ಎಂದು ಅನ್ನಿಸಿಕೊಂಡವರ ಸಂಶಯದಲ್ಲಿ ಸ್ವಲ್ಪವಾದರೂ ಹುರುಳಿತ್ತು ಎಂದು ಇದರಿಂದ ಗೊತ್ತಾಯಿತಾದರೂ, ಅವರಲ್ಲಿಗೆ ಹೋಗಿ ಹಾಗೆಂದು ಹೇಳುವ ಕೆಲಸ ಯಾವ ಕಾರ್ಯಕ್ರಮದ ಭಾಗವೂ ಆಗಿರುವುದಿಲ್ಲ.

2018ರ ಕೊನೆಯಿಂದ 2019ರವರೆಗೆ ಸಾಗರ ತಾಲ್ಲೂಕಿನ ಅರಳಗೋಡು ಸುತ್ತ ನಡೆದ ಹಾವಳಿ ಈ ಎಲ್ಲ ಎಳೆಗಳನ್ನು ಮತ್ತೆ ಮುಂದೆ ತಂದಿತು. ಶರಾವತಿ ಕಣಿವೆಯ ಆ ಸೀಮೆಯ ಇತಿಹಾಸವೇ ಮುಳುಗಡೆಯ ಇತಿಹಾಸ. 1964ರಲ್ಲಿ ಪೂರ್ಣಗೊಂಡ ಲಿಂಗನಮಕ್ಕಿ ಅಣೆಕಟ್ಟಿನಿಂದ ಒಕ್ಕಲೆದ್ದ ಕುಟುಂಬಗಳು ಶಿವಮೊಗ್ಗ ಜಿಲ್ಲೆಯ ಕಾಡಂಚುಗಳಲ್ಲಿ ನೆಲೆ ಕಂಡುಕೊಂಡವು, ಮತ್ತು ಅವರಲ್ಲಿ ಅನೇಕರ ಹಕ್ಕುಪತ್ರದ ಪ್ರಶ್ನೆ ಇಂದಿಗೂ ಬಗೆಹರಿದಿಲ್ಲ. ಕಾಗದದ ಮೇಲೆ ಕಾಡು ಎಂದಿರುವ ನೆಲದಲ್ಲೇ ಮನೆ ಕಟ್ಟಿಕೊಂಡವರಿಗೆ ಕಾಡಿಗೆ ಹೋಗಬೇಡಿ ಎಂಬ ಸಲಹೆಗೆ ಅರ್ಥವೇನು?

ಮತ್ತೆ ಗೇರು

2012ರ ನಂತರ ಕಾಯಿಲೆ ಹಳೆಯ ಗಡಿಗಳನ್ನು ದಾಟಿತು. ಚಾಮರಾಜನಗರ ಜಿಲ್ಲೆಯ ಬಂಡೀಪುರ, ಕೇರಳದ ವಯನಾಡು, ತಮಿಳುನಾಡಿನ ನೀಲಗಿರಿ, ಆಮೇಲೆ ಗೋವಾದ ಸತ್ತರಿ, ಮಹಾರಾಷ್ಟ್ರದ ಸಿಂಧುದುರ್ಗ. ಇವುಗಳಲ್ಲಿ ಗೋವಾದ ಹಾವಳಿ ನಿಡ್ಲೆಯನ್ನು ಬಲ್ಲವರ ಕಣ್ಣಿಗೆ ತಟ್ಟನೆ ಬೀಳುತ್ತದೆ. 2016ರಲ್ಲಿ ಬೆಳಗಾವಿ ಜಿಲ್ಲೆಯಿಂದ ಗೇರು ಕೊಯ್ಲಿನ ಕೂಲಿಗೆಂದು ಗೋವಾದ ತೋಟಗಳಿಗೆ ಹೋದವರು ಅಲ್ಲಿ ಸೋಂಕು ತಗಲಿಸಿಕೊಂಡು, ಜ್ವರದೊಂದಿಗೆ ಊರಿಗೆ ಮರಳಿದರು. ಕಾಯಿಲೆ ಹಿಡಿದದ್ದು ಒಂದು ರಾಜ್ಯದ ತೋಟದಲ್ಲಿ, ಶುಶ್ರೂಷೆಯ ಭಾರ ಬಿದ್ದದ್ದು ಇನ್ನೊಂದು ರಾಜ್ಯದ ಮನೆಗಳ ಮೇಲೆ.

ಸತ್ತ ಮಂಗದ ಸುತ್ತ 50 ಮೀಟರ್, ಸೋಂಕು ಕಂಡ ಊರಿನ ಸುತ್ತ 5 ಕಿಲೋಮೀಟರ್ ಎಂದು ವೃತ್ತ ಎಳೆದು ತಡೆಗಟ್ಟುವ ಪದ್ಧತಿಯಲ್ಲಿ ಇಂಥ ಕೂಲಿಯವರು ಸಿಗುವುದೇ ಇಲ್ಲ, ಏಕೆಂದರೆ ಅವರ ಅಪಾಯ ಇರುವುದು ಮನೆಯ ಸುತ್ತ ಅಲ್ಲ, ಋತುವಿಗೆ ತಕ್ಕಂತೆ ಅವರು ದುಡಿಯಲು ಹೋಗುವ ದಾರಿಯುದ್ದಕ್ಕೂ. ಗೇರು ತೋಟದ ಗುತ್ತಿಗೆದಾರನಿಗೆ ಕೂಲಿಯವರ ಉಣುಗಿನ ಎಣ್ಣೆಯ, ಜ್ವರ ಬಂದರೆ ಆಸ್ಪತ್ರೆಯ, ಮಲಗಿದ ದಿನಗಳ ಕೂಲಿಯ ಹೊಣೆಯನ್ನು ಕೊಯ್ಲು ಆರಂಭವಾಗುವ ಫೆಬ್ರುವರಿಗೆ ಮೊದಲೇ ಬರವಣಿಗೆಯಲ್ಲಿ ಹೊರಿಸಬೇಕು. ಜ್ವರ ಬಂದವರು ಹಿಂದಿನ ಎರಡು ವಾರ ಎಲ್ಲಿ, ಯಾರ ತೋಟದಲ್ಲಿ ದುಡಿದಿದ್ದರು ಎಂಬ ಪ್ರಶ್ನೆ ಅವರ ಊರಿನ ಹೆಸರಿನಷ್ಟೇ ಕಡ್ಡಾಯವಾಗಿ ಪ್ರಾಥಮಿಕ ಆರೋಗ್ಯ ಕೇಂದ್ರದ ಪುಸ್ತಕದಲ್ಲಿ ದಾಖಲಾಗಬೇಕು.